ಪುಟದಿಂದ ಪರದೆಗೆ ಹೋದ ನಗೆ

ಹಾಸ್ಯ ಬರೆಯುವವರನ್ನು ನಾವು ಅವರು ದುಡಿದ ಜಾಗದಿಂದ ಗುರುತಿಸುತ್ತೇವೆ. ಪತ್ರಿಕೆಗೆ ಬರೆದರೆ ನಗೆಬರಹಗಾರರು, ಕಿರುತೆರೆಗೆ ಬರೆದರೆ ಧಾರಾವಾಹಿಯವರು, ಚಿತ್ರಕ್ಕೆ ಬರೆದರೆ ಸಂಭಾಷಣೆಕಾರರು. ಒಬ್ಬರೇ ಈ ಮೂರು ಕಡೆಯೂ ದುಡಿದಿದ್ದರೆ ಅವರ ಬರವಣಿಗೆಯನ್ನು ಒಟ್ಟಿಗೆ ಇಟ್ಟು ನೋಡುವ ಅಭ್ಯಾಸ ನಮ್ಮ ವಿಮರ್ಶೆಗೆ ಬಂದಿಲ್ಲ. ಹಾಗೆ ಒಟ್ಟಿಗೆ ನೋಡಿದಾಗ ಕಾಣುವ ಒಂದು ಸಂಗತಿಯನ್ನು ಇವತ್ತು ನಿಮ್ಮ ಮುಂದೆ ಇಡಬೇಕೆಂದಿದ್ದೇನೆ. ಹಾಸ್ಯ ಬರೆಯುವವನು ಪತ್ರಿಕೆಯಿಂದ ಕಿರುತೆರೆಗೆ, ಕಿರುತೆರೆಯಿಂದ ಚಿತ್ರಕ್ಕೆ ಹೋಗುವಾಗ ಅವನ ಕೈಯಲ್ಲಿರುವ ನಿಜವಾದ ಬಂಡವಾಳ ಒಂದು ಸೀಮೆಯ ಜನ ಹೇಗೆ ಯೋಚಿಸುತ್ತಾರೆ, ಯಾರಿಗೆ ಯಾವ ಮಾತು ಆಡುತ್ತಾರೆ, ಎಲ್ಲಿ ಸುಮ್ಮನಾಗುತ್ತಾರೆ ಎಂಬ ಕಿವಿಯ ತಿಳಿವಳಿಕೆ. ಆ ಕಿವಿ ಬರಹದ ಜೊತೆ ಪರದೆಯವರೆಗೂ ಹೋದ ಕಡೆ ಹಾಸ್ಯ ಬಾಳಿದೆ. ಕಿವಿ ಹಿಂದೆ ಉಳಿದು ಉಚ್ಚಾರಣೆ ಮಾತ್ರ ಮುಂದೆ ಹೋದ ಕಡೆ ನಗೆ ಬೇಗ ಒಣಗಿದೆ, ಜೊತೆಗೆ ಆ ಮಾತನ್ನಾಡುವ ಜನಕ್ಕೆ ನೋವನ್ನೂ ಮಾಡಿದೆ. ನಮ್ಮ ಮಂಡ್ಯ ಜಿಲ್ಲೆಯ ನಾಗಮಂಗಲ, ಪಾಂಡವಪುರ, ಕೆ.ಆರ್. ಪೇಟೆ, ಶ್ರೀರಂಗಪಟ್ಟಣದ ಜನ ಇದನ್ನು ಬೇರೆಯವರಿಗಿಂತ ಚೆನ್ನಾಗಿ ಬಲ್ಲರು. ನಮ್ಮ ಮಾತು ಕನ್ನಡ ಚಿತ್ರಗಳಲ್ಲಿ ನಗಿಸುವುದಕ್ಕೆಂದು ಬಳಕೆಯಾಗುತ್ತಲೇ ಬಂದಿದೆ. ಅಂಥ ಬಳಕೆಗೆ ಸರಿಯಾದ ಉತ್ತರವೂ ನಮ್ಮ ಜಿಲ್ಲೆಯಿಂದಲೇ ಬಂದಿದೆ.

ಆ ಬಳಕೆ ಹೇಗೆ ಬಂತೆಂದು ನೋಡಲು ನಮ್ಮ ನಾಗಮಂಗಲ ತಾಲ್ಲೂಕಿನ ಬೆಳ್ಳೂರಿನಿಂದಲೇ ಶುರುಮಾಡೋಣ. ಬೆಳ್ಳೂರು ಎಂದರೆ ಓದುವವರಿಗೆ ಮೊದಲು ನೆನಪಾಗುವವರು ಬಿ.ಎಂ. ಶ್ರೀಕಂಠಯ್ಯನವರು. ಅವರ ಹೆಸರಿನ ಮೊದಲಕ್ಷರದಲ್ಲೇ ಈ ಊರಿದೆ. 1911ರಲ್ಲಿ ಧಾರವಾಡದಲ್ಲಿ ನಿಂತು ಕನ್ನಡ ಮಾತು ತಲೆಯೆತ್ತುವ ಬಗೆಯನ್ನು ಕುರಿತು ಅವರು ಮಾಡಿದ ಭಾಷಣ ನಮ್ಮ ಹೊಸ ಸಾಹಿತ್ಯದ ಹಾದಿಯನ್ನೇ ತಿದ್ದಿತು. ‘ಇಂಗ್ಲಿಷ್ ಗೀತಗಳು’ ಬರೆದಾಗ ಅವರು ಬದುಕಿರುವ ಕನ್ನಡದ ಲಯವನ್ನು ಹುಡುಕಿದರು. ಆದರೆ ‘ಅಶ್ವತ್ಥಾಮನ್’ ನಾಟಕ ಬರೆಯುವಾಗ, ದುರಂತದ ಗಾಂಭೀರ್ಯಕ್ಕೆ ತಕ್ಕದ್ದೆಂದು ಹಳಗನ್ನಡದ ಕಡೆ ಹೋದರು. ಅದೇ ತಲೆಮಾರಿನ ಟಿ.ಪಿ. ಕೈಲಾಸಂ ಬೆಂಗಳೂರು, ಮೈಸೂರಿನ ಮನೆಗಳ ಮಾತನ್ನು, ಅದರಲ್ಲಿ ಬೆರೆತ ಇಂಗ್ಲಿಷಿನೊಂದಿಗೆ, ಹಾಗೆಯೇ ರಂಗದ ಮೇಲೆ ತಂದು ನಗಿಸಿದರು, ಅಳಿಸಿದರು. ಇಬ್ಬರದೂ ದೊಡ್ಡ ಕೆಲಸ. ಆದರೆ ನೋಡುವವರ ಮನಸ್ಸಿನಲ್ಲಿ ಇದರಿಂದ ಒಂದು ಹಂಚಿಕೆ ನಿಂತುಹೋಯಿತು: ಗಂಭೀರವಾದದ್ದಕ್ಕೆ ಗ್ರಂಥದ ಕನ್ನಡ, ನಗೆಗೆ ಆಡುಮಾತು. ಕೈಲಾಸಂ ಹಾಗೆ ಹಂಚಿದವರಲ್ಲ; ಅವರ ‘ಟೊಳ್ಳುಗಟ್ಟಿ’ಯ ಆಡುಮಾತಿನಲ್ಲಿ ಕಣ್ಣೀರೂ ಇದೆ. ಅವರ ನಂತರ ಬಂದವರು, ಮುಖ್ಯವಾಗಿ ವೃತ್ತಿನಾಟಕ ಮತ್ತು ಚಿತ್ರದವರು, ಅವರಿಂದ ಸುಲಭದ ಅರ್ಧವನ್ನು ಮಾತ್ರ ತೆಗೆದುಕೊಂಡರು. ನಾಯಕ ಪುಸ್ತಕದ ಕನ್ನಡ ಆಡುವುದು, ಅವನ ಹಳ್ಳಿಯ ಗೆಳೆಯ ಅಥವಾ ಆಳು ಹಳ್ಳಿಯ ಮಾತಾಡಿ ನಗಿಸುವುದು ಎಂಬ ಏರ್ಪಾಟು ಅಲ್ಲಿಂದ ಗಟ್ಟಿಯಾಯಿತು. ನಗುವುದಕ್ಕೆ ಏನೂ ಇಲ್ಲದ ಕಡೆಯೂ ಆ ಮಾತಿನ ಧ್ವನಿಯೇ ನಗೆಯ ಗುರುತಾಗಿಬಿಟ್ಟಿತು.

ಪತ್ರಿಕೆಗಳ ಹಾಸ್ಯ ಈ ದಾರಿ ಹಿಡಿಯಲಿಲ್ಲ. ಏಕೆ ಎಂದು ತಿಳಿಯಲು ‘ಕೊರವಂಜಿ’ಯನ್ನು ನೋಡಬೇಕು. 1942ರಲ್ಲಿ ಬೆಂಗಳೂರಿನಲ್ಲಿ ಡಾ. ಎಂ. ಶಿವರಾಂ ಅದನ್ನು ಶುರುಮಾಡಿದರು. ವೃತ್ತಿಯಿಂದ ವೈದ್ಯರು, ಬರಹದಲ್ಲಿ ‘ರಾಶಿ’. ಯುದ್ಧಕಾಲ, ಕಾಗದಕ್ಕೆ ಬರ, ಅಕ್ಕಿಗೆ ರೇಷನ್. ಅಂಥ ಹೊತ್ತಿನಲ್ಲಿ ನಗೆಗೇ ಮೀಸಲಾದ ಒಂದು ಮಾಸಪತ್ರಿಕೆ ತೆಗೆದು ಅದನ್ನು 1967ರವರೆಗೆ, ಕಾಲು ಶತಮಾನ, ನಡೆಸಿದರು. ಮುಂದೆ ದೇಶಕ್ಕೆಲ್ಲ ಪರಿಚಿತರಾದ ಆರ್.ಕೆ. ಲಕ್ಷ್ಮಣ್ ಅದರಲ್ಲಿ ಚಿತ್ರ ಬರೆದರು. ಟಿ. ಸುನಂದಮ್ಮ ಅಡುಗೆಮನೆ, ಅತ್ತೆ, ಮಹಿಳಾ ಸಮಾಜಗಳ ಒಳಗಿನ ಮಾತನ್ನು ಹೆಂಗಸಿನ ಕಡೆಯಿಂದಲೇ ಬರೆದು, ಗಂಡಸರೇ ತುಂಬಿದ್ದ ಹಾಸ್ಯದ ಕೋಣೆಗೆ ಬಾಗಿಲು ತೆಗೆಸಿದರು. ನಾ. ಕಸ್ತೂರಿಯವರಂತೂ ನನ್ನ ವಾದಕ್ಕೆ ದೊಡ್ಡ ಸಾಕ್ಷಿ. ಅವರು ಹುಟ್ಟಿದ್ದು ಕೇರಳದಲ್ಲಿ, ಮನೆಮಾತು ಮಲೆಯಾಳ. ಮೈಸೂರಿಗೆ ಉಪಾಧ್ಯಾಯರಾಗಿ ಬಂದ ಮೇಲೆ ಕನ್ನಡ ಕಲಿತರು. ಹಾಗೆ ಕಲಿತವರು ಪದಗಳ ಅರ್ಥವನ್ನೇ ತಲೆಕೆಳಗು ಮಾಡುವ ‘ಅನರ್ಥಕೋಶ’ವನ್ನು ಬರೆಯುವ ಮಟ್ಟಿಗೆ ಈ ಭಾಷೆಯ ಒಳಮನೆಗೆ ಹೋದರು. 1935ರಲ್ಲಿ ಮೈಸೂರಿನ ಪ್ರೊ. ಎಂ.ವಿ. ಗೋಪಾಲಸ್ವಾಮಿ ತಮ್ಮ ಮನೆಯಿಂದಲೇ ಬಾನುಲಿ ಪ್ರಸಾರ ಆರಂಭಿಸಿದಾಗ ಅದಕ್ಕೆ ‘ಆಕಾಶವಾಣಿ’ ಎಂಬ ಹೆಸರು ಕೊಟ್ಟವರೂ ಕಸ್ತೂರಿಯವರೇ ಎಂಬುದು ಪ್ರಸಿದ್ಧ ಸಂಗತಿ. ಕಿವಿ ಹುಟ್ಟಿನಿಂದ ಬರಲೇಬೇಕಾಗಿಲ್ಲ, ಅದನ್ನು ಸಂಪಾದಿಸಬಹುದು. ಸಂಪಾದಿಸುವುದಕ್ಕೆ ಜನರ ನಡುವೆ ವರ್ಷಗಟ್ಟಲೆ ಇರಬೇಕು, ಕೇಳಿಸಿಕೊಳ್ಳಬೇಕು.

ಕೊರವಂಜಿ ಮಾಡಿದ ಮುಖ್ಯ ಕೆಲಸ ಬರಹಗಾರರನ್ನು ತಯಾರು ಮಾಡಿದ್ದು. ಅಲ್ಲಿ ಒಬ್ಬ ಸಂಪಾದಕರಿದ್ದರು. ಬರಹ ಬೇಡವೆಂದರೆ ಏಕೆ ಬೇಡ ಎಂದು ಹೇಳಬಲ್ಲವರಿದ್ದರು. ತಿಂಗಳಿಗೊಂದು ಲೇಖನ ಎಂದರೆ ವರ್ಷಕ್ಕೆ ಹನ್ನೆರಡು. ಒಂದು ಮಾತನ್ನು ಕೇಳಿ, ಮನಸ್ಸಿನಲ್ಲಿ ಇಟ್ಟುಕೊಂಡು, ಅದು ಮಾಗಿದ ಮೇಲೆ ಬರೆಯುವಷ್ಟು ಬಿಡುವು ಅದರಲ್ಲಿತ್ತು. ಓದುಗರೂ ಬರಹಗಾರರೂ ಹೆಚ್ಚುಕಡಿಮೆ ಒಂದೇ ಬಗೆಯ ಮನೆಗಳಿಂದ ಬಂದವರಾದ್ದರಿಂದ, ಬರಹಗಾರ ಯಾರನ್ನು ನಗುತ್ತಿದ್ದನೋ ಅವರೇ ಅದನ್ನು ಓದುತ್ತಿದ್ದರು. ತಪ್ಪಾಗಿ ಬರೆದರೆ ಮರುತಿಂಗಳೇ ಕಾಗದ ಬರುತ್ತಿತ್ತು. ಈ ಎರಡು ಕಟ್ಟುಪಾಡು, ಬಿಡುವು ಮತ್ತು ಹೊಣೆ, ಕಿವಿಯನ್ನು ಚುರುಕಾಗಿ ಇಡುತ್ತವೆ. ಬಳ್ಳಾರಿ ಕಡೆಯ ಮಾತಿನಿಂದ ತಿಮ್ಮ ಎಂಬ ಪಾತ್ರವನ್ನು ಸೃಷ್ಟಿಸಿದ ಬೀಚಿಯವರ ಬಲವೂ ಇಂಥ ಹೊಣೆಯಲ್ಲೇ ಇತ್ತು. ಕೊರವಂಜಿಯ ಮಿತಿಯನ್ನೂ ಹೇಳಬೇಕು. ಅದು ಪಟ್ಟಣದ ಓದು ಬಲ್ಲ ಮನೆಗಳ ಪತ್ರಿಕೆ. ಕೆರೆ ಏರಿ, ಅರಳಿಕಟ್ಟೆ, ಸಂತೆಮಾಳದ ಜನ ಅಲ್ಲಿ ಬರಹದ ವಸ್ತುವಾಗಿ ಬಂದಷ್ಟು ಬರೆಯುವವರಾಗಿ ಬರಲಿಲ್ಲ.

ಆ ಕೊರತೆ ತುಂಬಿದ್ದು 1980ರಲ್ಲಿ ಹುಟ್ಟಿದ ‘ಲಂಕೇಶ್ ಪತ್ರಿಕೆ’ಯಲ್ಲಿ. ಜಾಹೀರಾತು ತೆಗೆದುಕೊಳ್ಳದೆ, ಓದುಗ ಕೊಡುವ ಕಾಸಿನಿಂದಲೇ ನಡೆದ ವಾರಪತ್ರಿಕೆ ಅದು. ಓದುಗರಲ್ಲಿ ಬಹುಪಾಲು ಜನ ಹೋಬಳಿ, ತಾಲ್ಲೂಕು ಕೇಂದ್ರಗಳವರು, ಶಾಲಾ ಮೇಷ್ಟ್ರುಗಳು, ಹಳ್ಳಿಯ ಓದಿದ ಹುಡುಗರು. ಬಿ. ಚಂದ್ರೇಗೌಡರ ‘ಕಟ್ಟೆ ಪುರಾಣ’ ಅಲ್ಲಿ ಬಂತು. ನಮ್ಮ ಸೀಮೆಯ ಮಾತು ಅದರಲ್ಲಿ ಅಲಂಕಾರಕ್ಕೆಂದು ಇರಲಿಲ್ಲ, ಯೋಚನೆಗೆಂದು ಇತ್ತು. ಹಳ್ಳಿಯ ಕಟ್ಟೆಯ ಮೇಲೆ ಕೂತವರು ಮುಖ್ಯಮಂತ್ರಿಯನ್ನೂ ಪ್ರಧಾನಿಯನ್ನೂ ತಮ್ಮೂರಿನ ಪಟೇಲನನ್ನು ಅಳೆಯುವ ಅಳತೆಗೋಲಿನಲ್ಲೇ ಅಳೆದರು. ಓದುವವರಿಗೆ ನಗು ಬರುತ್ತಿದ್ದುದು ಕಟ್ಟೆಯವರು ಮಾತಾಡುವ ರೀತಿಯನ್ನು ನೋಡಿ ಅಲ್ಲ, ಕಟ್ಟೆಯವರ ಕಣ್ಣಿಗೆ ವಿಧಾನಸೌಧ ಹೇಗೆ ಕಾಣುತ್ತದೆ ಎಂಬುದನ್ನು ನೋಡಿ. ಆಡುಮಾತೇ ನಗೆಯ ಕಾರಣ ಎಂಬ ಹಳೆಯ ಹಂಚಿಕೆ ಇಲ್ಲಿ ಮುರಿಯಿತು. ನನ್ನ ಮಟ್ಟಿಗೆ ಇದು ಕನ್ನಡ ಹಾಸ್ಯದ ಚರಿತ್ರೆಯಲ್ಲಿ ಕೊರವಂಜಿಯ ಹುಟ್ಟಿನಷ್ಟೇ ಮುಖ್ಯವಾದ ಸಂಗತಿ. ಅದಕ್ಕೆ ಸಿಗಬೇಕಾದ ಗಮನ ಇನ್ನೂ ಸಿಕ್ಕಿಲ್ಲ, ಏಕೆಂದರೆ ವಾರಪತ್ರಿಕೆಯ ಅಂಕಣವನ್ನು ಸಾಹಿತ್ಯವೆಂದು ಎಣಿಸಲು ನಮ್ಮ ವಿಶ್ವವಿದ್ಯಾಲಯಗಳು ಇವತ್ತಿಗೂ ಹಿಂದೆಮುಂದೆ ನೋಡುತ್ತವೆ.

ಇನ್ನು ಕಿರುತೆರೆ. 1980ರ ದಶಕದಲ್ಲಿ ಬೆಂಗಳೂರು ದೂರದರ್ಶನ ಕನ್ನಡದಲ್ಲಿ ಹಾಸ್ಯ ಧಾರಾವಾಹಿಗಳನ್ನು ತಂದಾಗ ಬರೆಯುವವರನ್ನು ಹುಡುಕಿಕೊಂಡು ಪತ್ರಿಕೆಗಳ ಕಡೆಗೇ ಹೋಗಬೇಕಾಯಿತು. ‘ಸಿಹಿಕಹಿ’, ‘ಕ್ರೇಜಿ ಕರ್ನಲ್’ ಮುಂತಾದವುಗಳು ಮನೆಮಾತಾದವು. ‘ಸಿಹಿಕಹಿ’ಯ ಹೆಸರಂತೂ ಅದರಲ್ಲಿ ನಟಿಸಿದ ಚಂದ್ರು ಮತ್ತು ಗೀತಾ ಅವರ ಹೆಸರಿಗೇ ಅಂಟಿಕೊಂಡಿತು. ಪತ್ರಿಕೆ ಮತ್ತು ಕಿರುತೆರೆಗಳ ನಡುವೆ ಹಾದಿ ಮಾಡಿದವರಲ್ಲಿ ಎಂ.ಎಸ್. ನರಸಿಂಹಮೂರ್ತಿಯವರು ಮುಖ್ಯರು. ನಗೆಬರಹಗಳಿಂದ ಹೆಸರಾದವರು, ಕೊರವಂಜಿಯ ಪರಂಪರೆಯಲ್ಲಿ 1983ರಲ್ಲಿ ಹುಟ್ಟಿದ ‘ಅಪರಂಜಿ’ ಬಳಗದವರು, ‘ಪಾಪ ಪಾಂಡು’, ‘ಸಿಲ್ಲಿ ಲಲ್ಲಿ’ಯಂಥ ದಿನದ ಧಾರಾವಾಹಿಗಳಿಗೆ ಬರೆದವರು. ಈ ವೃತ್ತಿಯ ಭಾರ ಎಷ್ಟೆಂದು ಲೆಕ್ಕ ಹಾಕಿದರೆ ಗೊತ್ತಾಗುತ್ತದೆ. ವಾರಕ್ಕೆ 5 ಕಂತು ಎಂದರೆ ವರ್ಷಕ್ಕೆ ಸುಮಾರು 260. ಮಾಸಪತ್ರಿಕೆಯಲ್ಲಿ 20 ವರ್ಷಕ್ಕೂ ಹೆಚ್ಚು ಕಾಲ ಬರೆಯಬೇಕಾದಷ್ಟು ಸಂಖ್ಯೆಯ ಬರಹವನ್ನು ಕಿರುತೆರೆ ಒಂದೇ ವರ್ಷದಲ್ಲಿ ಕೇಳುತ್ತದೆ. ಇದನ್ನು ಹೊತ್ತವರ ಬಗ್ಗೆ ಗೌರವವಿಟ್ಟೇ ಹೇಳಬೇಕಾದ ಮಾತು: ಅಷ್ಟು ವೇಗದಲ್ಲಿ ಯಾವ ಕಿವಿಯೂ ಹೊಸದನ್ನು ಕೇಳಿಸಿಕೊಳ್ಳಲಾರದು. ಬರಹಗಾರ ಪತ್ರಿಕೆಯ ದಿನಗಳಲ್ಲಿ ಕೂಡಿಟ್ಟದ್ದನ್ನು ತೆಗೆದು ಖರ್ಚು ಮಾಡುತ್ತಾನೆ. ಅದು ಮುಗಿದ ಮೇಲೆ ಪಾತ್ರಗಳಿಗೆ ಒಂದೊಂದು ಪಲ್ಲವಿ ಕಟ್ಟಿಕೊಟ್ಟು ದಿನ ತಳ್ಳುವುದು ಅನಿವಾರ್ಯವಾಗುತ್ತದೆ. ‘ಸಿಲ್ಲಿ ಲಲ್ಲಿ’ಯ ಡಾಕ್ಟರು ಜಂಬ ಕೊಚ್ಚಿಕೊಳ್ಳುವಾಗಲೆಲ್ಲ ಬರುತ್ತಿದ್ದ ಕೊಕ್ಕರೆ ಬೆಳ್ಳೂರಿನ ಹೆಸರನ್ನು ನೆನೆಸಿಕೊಳ್ಳಿ. ಮದ್ದೂರು ತಾಲ್ಲೂಕಿನ ಆ ಊರು ಹೆಜ್ಜಾರ್ಲೆ ಮತ್ತು ಬಣ್ಣದ ಕೊಕ್ಕರೆಗಳನ್ನು ಮನೆಮಕ್ಕಳಂತೆ ಸಾಕಿಕೊಂಡು ಬಂದದ್ದು. ಕನ್ನಡ ನಾಡಿನ ಬಹಳ ಮನೆಗಳಿಗೆ ಅದು ತಲುಪಿದ್ದು ನಗು ತರಿಸುವ ಒಂದು ಹೆಸರಾಗಿ ಮಾತ್ರ. ಅದರಲ್ಲಿ ಕೇಡಿನ ಉದ್ದೇಶ ಖಂಡಿತ ಇರಲಿಲ್ಲ. ಆ ಪಾತ್ರವನ್ನು ಜನ ಪ್ರೀತಿಸಿದರು. ಆದರೂ ಊರಿನ ಹೆಸರೇ ನಗೆಯಾಗುವಾಗ ಊರಿನ ಒಳಗಿನ ನಗೆ ಹೊರಗೇ ಉಳಿಯುತ್ತದೆ.

ಇಲ್ಲಿ ಒಂದು ಆಕ್ಷೇಪ ಬರುತ್ತದೆ, ಅದು ನ್ಯಾಯವಾದದ್ದೇ. ಪತ್ರಿಕೆಗಳು ಹಾಸ್ಯ ಬರೆಯುವವರಿಗೆ ಕೊಟ್ಟ ಸಂಭಾವನೆಯಿಂದ ಯಾರೂ ಸಂಸಾರ ನಡೆಸಲಿಲ್ಲ. ರಾಶಿ ವೈದ್ಯರಾಗಿದ್ದರು, ಕಸ್ತೂರಿ ಪ್ರಾಧ್ಯಾಪಕರಾಗಿದ್ದರು, ಬೀಚಿ ಸರ್ಕಾರಿ ನೌಕರಿಯಲ್ಲಿದ್ದರು. ನಮ್ಮ ಮಂಡ್ಯದ ಎಚ್.ಎಲ್. ಕೇಶವಮೂರ್ತಿಯವರು ಇಂಜಿನಿಯರಿಂಗ್ ಕಾಲೇಜಿನಲ್ಲಿ ಪಾಠ ಹೇಳಿಕೊಂಡೇ ಹಾಸ್ಯ ಬರೆದವರು. ಬರವಣಿಗೆಯಿಂದಲೇ ಬದುಕಬಹುದು ಎಂಬ ಸ್ಥಿತಿ ಬಂದದ್ದು ಕಿರುತೆರೆಯಿಂದ. ಹಾಗಿದ್ದ ಮೇಲೆ ಪತ್ರಿಕೆಯ ಕಾಲವನ್ನು ಹೊಗಳಿ ಕಿರುತೆರೆಯನ್ನು ದೂರುವುದು ಸರಿಯೇ? ಸರಿಯಲ್ಲ, ನಾನು ದೂರುತ್ತಲೂ ಇಲ್ಲ. ಬರೆಯುವವನ ಮನೆಯಲ್ಲಿ ಒಲೆ ಉರಿಯಬೇಕು. ನಾನು ಹೇಳುವುದು ಇಷ್ಟು: ಕಿರುತೆರೆ ಪತ್ರಿಕೆಯ ಬೆಳೆಯನ್ನು ಕೊಯ್ದುಕೊಂಡಿತು, ಮತ್ತೆ ಬಿತ್ತುವ ಹೊಲಕ್ಕೆ ಏನನ್ನೂ ಹಿಂದಿರುಗಿಸಲಿಲ್ಲ. ಹೊಸಬನೊಬ್ಬ ತಿಂಗಳಿಗೊಂದು ಬರೆದು ತಿದ್ದಿಸಿಕೊಳ್ಳುವ ಜಾಗಗಳು ಒಂದೊಂದಾಗಿ ಕಡಿಮೆಯಾದವು. ವಾರಪತ್ರಿಕೆಗಳಲ್ಲಿ ಹಾಸ್ಯದ ಪುಟ ಕುಗ್ಗಿತು. ಅಪರಂಜಿಯಂಥ ಪತ್ರಿಕೆ ಕೆಲವರ ಶ್ರದ್ಧೆಯಿಂದ ಮುಂದುವರಿದದ್ದು ನಿಜ, ಆದರೆ ಇಡೀ ನಾಡಿಗೆ ಅಂಥದ್ದು ಒಂದೆರಡಿದ್ದರೆ ಸಾಲದು. ಇವತ್ತು ನೇರವಾಗಿ ಕಿರುತೆರೆಗೆ ಬರೆಯಲು ಕೂರುವ ಹುಡುಗನಿಗೆ ಕೂಡಿಟ್ಟ ಬಂಡವಾಳವೇ ಇರುವುದಿಲ್ಲ. ಅವನು ಹಿಂದಿನ ಧಾರಾವಾಹಿ, ಹಿಂದಿನ ಚಿತ್ರಗಳನ್ನು ನೋಡಿ ಕಲಿತ ಹಳ್ಳಿ ಮಾತನ್ನು ಬರೆಯುತ್ತಾನೆ. ಆ ಮಾತನ್ನು ಯಾವ ಹಳ್ಳಿಯಲ್ಲೂ ಯಾರೂ ಆಡುವುದಿಲ್ಲ.

ಚಿತ್ರರಂಗದಲ್ಲಿ ಬರಹಗಾರನ ಹೆಸರು ಇನ್ನೂ ಬೇಗ ಮರೆಯಾಗುತ್ತದೆ. ಪರ್ವತವಾಣಿಯವರ ‘ಬಹದ್ದೂರ್ ಗಂಡ’ ನಾಟಕವನ್ನು ತೆಗೆದುಕೊಳ್ಳಿ. ಷೇಕ್ಸ್‌ಪಿಯರ್‌ನ ಗಯ್ಯಾಳಿಯ ಕಥೆಯನ್ನು ಅವರು ಕನ್ನಡದ ಮನೆಗೆ ತಂದರು. ಅದೇ ಕಥೆ 1976ರಲ್ಲಿ ರಾಜಕುಮಾರ್ ಅವರ ‘ಬಹದ್ದೂರ್ ಗಂಡು’ ಚಿತ್ರವಾಯಿತು, 1989ರಲ್ಲಿ ‘ನಂಜುಂಡಿ ಕಲ್ಯಾಣ’ವಾಗಿ ಮತ್ತೆ ಗೆದ್ದಿತು. ಎರಡು ತಲೆಮಾರಿನ ನೋಡುಗರನ್ನು ನಗಿಸಿದ ಆ ಕಥೆಯನ್ನು ಕನ್ನಡಕ್ಕೆ ಒಗ್ಗಿಸಿದವರು ಯಾರೆಂದು ಕೇಳಿದರೆ ಎಷ್ಟು ಜನ ಹೇಳಿಯಾರು? ನರಸಿಂಹರಾಜು, ಬಾಲಕೃಷ್ಣ, ದ್ವಾರಕೀಶ್ ಅವರ ಮುಖ ಕಣ್ಣಿಗೆ ಕಟ್ಟಿದೆ; ಅವರ ಬಾಯಿಗೆ ಮಾತು ಕೊಟ್ಟವರನ್ನು ನೆನೆಯಬೇಕಾದರೆ ತಡಕಾಡಬೇಕು. ನಟನ ಪ್ರತಿಭೆಯನ್ನು ಕಡಿಮೆ ಮಾಡುವ ಮಾತಲ್ಲ ಇದು. ಬರಹಗಾರ ಮರೆಯಾದಾಗ ಅವನ ಕಿವಿಯೂ ಬೇಡವಾಗುತ್ತದೆ ಎಂಬುದು ಚಿಂತೆ. ಸೆಟ್ಟಿನಲ್ಲಿ ಯಾರು ಬೇಕಾದರೂ ಒಂದು ಸಾಲು ಸೇರಿಸಬಹುದು ಎಂದಾಗ ಮೊದಲು ಹಾಳಾಗುವುದು ಮಾತಿನ ಒಳಗಿನ ಸಂಬಂಧಗಳು. ಒಂದು ಉದಾಹರಣೆ ಸಾಕು. ಚಿತ್ರಗಳ ಹಳ್ಳಿಗ ಎದುರಿಗೆ ಯಾರೇ ಸಿಗಲಿ ಏನ್ಲಾ, ಬಾರ್ಲಾ ಎನ್ನುತ್ತಾನೆ. ನಾಗಮಂಗಲದ ಕಡೆ ಹಾಗೆ ಅನ್ನುವುದು ಓರಗೆಯವರಿಗೆ, ಕಿರಿಯರಿಗೆ, ಸಲುಗೆ ಇದ್ದವರಿಗೆ ಮಾತ್ರ. ಹಿರಿಯರಿಗೆ ಅಣ್ಣೋ, ಅಪ್ಪೋ, ಗೌಡ್ರೆ ಎಂದೇ ಕರೆಯುತ್ತಾರೆ. ಎಷ್ಟೋ ಸಲ ಅತಿ ಕಟುವಾದ ಕುಟುಕು ಬರುವುದು ಆ ಮರ್ಯಾದೆಯ ಕರೆಯ ಒಳಗೇ. ಅಣ್ಣೋ ಎಂದು ಕರೆದು ಕೊಡುವ ಪೆಟ್ಟಿನಲ್ಲಿರುವ ನಗೆಯ ಸೊಗಸು, ಎಲ್ಲರಿಗೂ ಲಾ ಹಚ್ಚುವ ಪಾತ್ರಕ್ಕೆ ಎಂದೂ ಸಿಗದು. ಮಾತಿನ ಮರ್ಯಾದೆಯನ್ನು ಕಿತ್ತುಹಾಕಿದವರು ಅದರ ಹಾಸ್ಯವನ್ನೂ ಕಿತ್ತುಹಾಕಿದ್ದಾರೆ.

ಬರಹಗಾರನೇ ಚಿತ್ರವನ್ನು ಕೈಗೆ ತೆಗೆದುಕೊಂಡರೆ ಏನಾಗುತ್ತದೆ ಎಂಬುದಕ್ಕೆ ನಮ್ಮ ತಾಲ್ಲೂಕಿನ ನಾಗತಿಹಳ್ಳಿಯ ಚಂದ್ರಶೇಖರ್ ಸಾಕ್ಷಿ. ಕಥೆಗಾರರಾಗಿ, ಅಂಕಣಕಾರರಾಗಿ ಹೆಸರು ಮಾಡಿ, ಆಮೇಲೆ ಕಿರುತೆರೆ ಮತ್ತು ಚಿತ್ರಗಳಿಗೆ ಹೋದವರು. ‘ಪ್ರತಿಬಿಂಬ’, ‘ಕಾದಂಬರಿ’, ‘ವಠಾರ’ ಅವರ ಧಾರಾವಾಹಿಗಳು. ಅವರನ್ನು ಹಾಸ್ಯಗಾರರೆಂದು ಯಾರೂ ಕರೆಯುವುದಿಲ್ಲ. ‘ಕೊಟ್ರೇಶಿ ಕನಸು’, ‘ಅಮೆರಿಕಾ ಅಮೆರಿಕಾ’ಗಳನ್ನು ಮುಂದೆ ಮಾಡಿ ಮಾತಾಡುತ್ತಾರೆ. ಆದರೆ ಅವರ ಮೊದಲ ಚಿತ್ರ ಹಾಸ್ಯವೇ. 1992ರ ‘ಉಂಡೂ ಹೋದ ಕೊಂಡೂ ಹೋದ’ದಲ್ಲಿ ಅನಂತನಾಗ್ ಮಾಡಿದ ಪಾತ್ರ ಹೊರಗಿನಿಂದ ಹಳ್ಳಿಗೆ ಬಂದು, ಸರ್ಕಾರದ ಹೆಸರು ಹೇಳಿ, ಎಲ್ಲರನ್ನೂ ನಂಬಿಸಿ ಮೋಸ ಮಾಡುವ ಮನುಷ್ಯನದು. ನಾನು ಈ ಚಿತ್ರವನ್ನು ಮುಖ್ಯವೆಂದು ಎಣಿಸುವುದು ಅದು ನಗೆಯ ದಿಕ್ಕನ್ನು ಬದಲಿಸಿದ್ದಕ್ಕೆ. ಹಳ್ಳಿಗರು ಪಟ್ಟಣಕ್ಕೆ ಹೋಗಿ ತಬ್ಬಿಬ್ಬಾಗುವುದು ಹಳೆಯ ಹಾಸ್ಯ. ಇಲ್ಲಿ ಪಟ್ಟಣದ ಠಕ್ಕತನವೇ ಹಳ್ಳಿಗೆ ಬರುತ್ತದೆ. ಹಳ್ಳಿಗರು ಮೋಸಹೋಗುವುದು ದಡ್ಡತನದಿಂದಲ್ಲ. ಸರ್ಕಾರದಿಂದ ಏನಾದರೂ ಬಂದೀತು ಎಂಬ ಆಸೆ, ಒಬ್ಬೊಬ್ಬರ ಒಳಗಿನ ಸಣ್ಣ ದುರಾಸೆ, ಊರಿನೊಳಗಿನ ಪೈಪೋಟಿ ಅವರನ್ನು ಅಲ್ಲಿಗೆ ಒಯ್ಯುತ್ತವೆ. ಹಳ್ಳಿಯನ್ನು ಒಳಗಿನಿಂದ ಬಲ್ಲ ಕಥೆಗಾರನಿಗೆ ಮಾತ್ರ ಇಷ್ಟು ಬಿಡಿಸಿ ತೋರಿಸಲು ಸಾಧ್ಯ.

ನನ್ನ ವಾದಕ್ಕೆ ಅತ್ಯಂತ ಬಲವಾದ ಸಾಕ್ಷಿ ‘ತಿಥಿ’ ಚಿತ್ರ. 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಚಿನ್ನದ ಚಿರತೆ ಪ್ರಶಸ್ತಿ ಪಡೆದು, ಅದೇ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಪಡೆದು, 2016ರಲ್ಲಿ ನಮ್ಮ ಚಿತ್ರಮಂದಿರಗಳಿಗೆ ಬಂತು. ನಿರ್ದೇಶಕ ರಾಮ್ ರೆಡ್ಡಿ ಬೆಂಗಳೂರಿನವರು. ಅವರ ಜೊತೆ ಬರೆದವರು ಈರೇಗೌಡ, ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನವರು. ಚಿತ್ರ ನಡೆಯುವುದು ಆ ಊರಿನಲ್ಲಿ, ನಟಿಸಿದವರು ಆ ಕಡೆಯ ಹಳ್ಳಿಗರು. ನೂರೊಂದು ವರ್ಷದ ಸೆಂಚುರಿ ಗೌಡ ಬೀದಿಯಲ್ಲಿ ಕೂತು ಹೋಗಿ ಬರುವವರನ್ನೆಲ್ಲ ಕೆಣಕಿ, ಬೈದು, ಸತ್ತುಹೋಗುತ್ತಾನೆ. ಹನ್ನೊಂದನೆಯ ದಿನದ ತಿಥಿಯೊಳಗೆ ನಡೆಯುವುದೇ ಕಥೆ. ಮಗ ಗಡ್ಡಪ್ಪನಿಗೆ ಸಾವೂ ಬೇಡ, ಆಸ್ತಿಯೂ ಬೇಡ. ಅವನು ಕುಡಿಯುತ್ತ ಹೊಲದ ಬದುಗಳ ಮೇಲೆ ನಡೆಯುತ್ತಿರುತ್ತಾನೆ. ಮೊಮ್ಮಗ ತಮ್ಮಣ್ಣನಿಗೆ ಜಮೀನು ಬೇಕು. ಅದಕ್ಕಾಗಿ ಬದುಕಿರುವ ಅಪ್ಪನನ್ನು ಕಾಗದದ ಮೇಲೆ ಸಾಯಿಸಲೂ ತಯಾರಿದ್ದಾನೆ. ಮರಿಮಗ ಅಭಿ ಕುರಿ ಕಾಯುವವರ ಹುಡುಗಿಯ ಹಿಂದೆ. ಸಾವು, ಸುಳ್ಳು ಮರಣಪತ್ರ, ಸಾಲ, ತಾಲ್ಲೂಕು ಕಚೇರಿ: ಯಾವುದರಲ್ಲೂ ನಗೆಯ ವಸ್ತು ಇಲ್ಲ. ಆದರೂ ನೋಡುವವರು ಉದ್ದಕ್ಕೂ ನಗುತ್ತಾರೆ, ನಗುತ್ತಲೇ ಎದೆ ಭಾರವಾಗುತ್ತದೆ. ಯಾರೂ ನಗಿಸಲೆಂದು ಮಾತಾಡುವುದಿಲ್ಲ. ಒಬ್ಬೊಬ್ಬನೂ ತನಗೆ ಬೇಕಾದ್ದನ್ನು ಪಡೆಯಲು ಮಾತಾಡುತ್ತಾನೆ. ನಮ್ಮ ಕಡೆಯ ಮಾತಿಗೆ ಸಹಜವಾದ ಕುಟುಕು, ಮೌನ, ಹಟ ಅದರಲ್ಲಿ ತಾವಾಗಿಯೇ ಬರುತ್ತವೆ. ಗಂಭೀರಕ್ಕೊಂದು ಕನ್ನಡ, ನಗೆಗೊಂದು ಕನ್ನಡ ಎಂಬ ಹಂಚಿಕೆಗೆ ಇಲ್ಲಿ ಜಾಗವೇ ಇಲ್ಲ. ನಗುವುದೂ ಸಾಯುವುದೂ ಒಂದೇ ಮಾತಿನಲ್ಲಿ ನಡೆಯುತ್ತದೆ.

‘ತಿಥಿ’ಯ ಗೆಲುವಿಗೆ ಆ ಮುಖಗಳು, ಆ ಮಾತಿನ ಸೊಗಡು ಕಾರಣ, ಬರಹವಲ್ಲ ಎಂದು ಹೇಳುವವರಿದ್ದಾರೆ. ಇದನ್ನು ಪರೀಕ್ಷಿಸಲು ನಮಗೆ ಅವಕಾಶ ಸಿಕ್ಕಿತು. ಆ ಚಿತ್ರ ಗೆದ್ದ ಮೇಲೆ ಅದೇ ಮುಖಗಳನ್ನು, ಅದೇ ಉಚ್ಚಾರಣೆಯನ್ನು ಇಟ್ಟುಕೊಂಡು ಬೇರೆ ಬೇರೆಯವರು ಚಿತ್ರಗಳನ್ನು ಮಾಡಿದರು. ಗಡ್ಡಪ್ಪನ, ಸೆಂಚುರಿ ಗೌಡನ ಪಾತ್ರ ಮಾಡಿದವರೂ ಅವುಗಳಲ್ಲಿದ್ದರು. ‘ತಿಥಿ’ ನಿಂತಂತೆ ಅವುಗಳಲ್ಲಿ ಯಾವುದೂ ಜನರ ನೆನಪಿನಲ್ಲಿ ನಿಲ್ಲಲಿಲ್ಲ. ಇಲ್ಲದೆ ಹೋದದ್ದು ಬರಹದ ಹಿಂದಿನ ಕಿವಿ. ಈರೇಗೌಡರು ಮುಂದೆ ತಾವೇ ನಿರ್ದೇಶಿಸಿದ ‘ಬಳೆಕೆಂಪ’ದಲ್ಲಿ ನಗೆಯ ದಾರಿಯನ್ನು ಬಿಟ್ಟು ಬೇರೆಯದೇ ಮೌನದ ಚಿತ್ರ ಮಾಡಿದರು, ಅಲ್ಲೂ ಆ ಕಿವಿ ಇತ್ತು. ಅದು ಹಾಸ್ಯಕ್ಕೆ ಮಾತ್ರ ದುಡಿಯುವ ಸಾಧನವಲ್ಲ ಎಂಬುದು ಇದರಿಂದಲೂ ತಿಳಿಯುತ್ತದೆ.

ಇನ್ನೊಂದು ಆಕ್ಷೇಪ ಅರ್ಥವಾಗುವುದರ ಬಗ್ಗೆ. ಮಂಡ್ಯದ ಒಳಹಳ್ಳಿಯ ಮಾತು ಬೀದರಿನವರಿಗೆ, ಕುಂದಾಪುರದವರಿಗೆ ಹೇಗೆ ತಿಳಿದೀತು, ಎಲ್ಲರಿಗೂ ತಿಳಿಯುವ ಕನ್ನಡದಲ್ಲಿ ಬರೆಯುವುದೇ ಲೇಸಲ್ಲವೆ ಎನ್ನುತ್ತಾರೆ. ನಮ್ಮ ಸೀಮೆಯವರೇ ಆದ ಎ.ಎನ್. ಮೂರ್ತಿರಾಯರನ್ನು ಇದಕ್ಕೆ ಸಾಕ್ಷಿಯಾಗಿ ಕರೆಯಬಹುದು. ಕೆ.ಆರ್. ಪೇಟೆ ತಾಲ್ಲೂಕಿನ ಅಕ್ಕಿಹೆಬ್ಬಾಳಿನವರು ಅವರು. ‘ಹಗಲುಗನಸುಗಳು’ ಬರೆದದ್ದು ಶಿಷ್ಟ ಕನ್ನಡದಲ್ಲಿ. ಫ್ರೆಂಚ್ ನಾಟಕಕಾರ ಮೋಲಿಯೇರನ ಡಾಂಭಿಕನನ್ನು ‘ಆಷಾಢಭೂತಿ’ಯಾಗಿ ನಮ್ಮ ಮನೆಗೆ ಕರೆತಂದರು. ಅವರ ಹಾಸ್ಯ ತುಟಿಯಂಚಿನದು, ಇವತ್ತಿಗೂ ಹೊಸದು. ಹಾಗಾದರೆ ಹಳ್ಳಿಮಾತು ಬೇಕೇ ಬೇಕು ಎಂಬ ವಾದ ಬಿದ್ದುಹೋಗಲಿಲ್ಲವೆ? ನಾನು ಅಂಥ ವಾದವನ್ನೇ ಮಾಡಿಲ್ಲ. ಮೂರ್ತಿರಾಯರು ತಾವು ಬದುಕಿದ ವರ್ಗದ ಮಾತು ಮತ್ತು ಯೋಚನೆಯ ನಡಿಗೆಯನ್ನು ಒಳಗಿನಿಂದ ಬಲ್ಲವರಾಗಿದ್ದರು, ಅದಕ್ಕೆ ಸುಳ್ಳಾಗದೆ ಬರೆದರು. ಬರಹಗಾರ ಯಾವ ಕನ್ನಡ ಆರಿಸಿಕೊಂಡ ಎಂಬುದಕ್ಕಿಂತ ಆ ಕನ್ನಡದಲ್ಲಿ ಪಾತ್ರಗಳು ಯೋಚಿಸುತ್ತಿವೆಯೇ ಎಂಬುದು ಪ್ರಶ್ನೆ. ಅರ್ಥವಾಗುವ ವಿಷಯಕ್ಕೆ ಬಂದರೆ, ಕನ್ನಡದ ಒಂದಕ್ಷರ ಬಾರದ ಲೊಕಾರ್ನೊದ ಜನಕ್ಕೆ ‘ತಿಥಿ’ ಅರ್ಥವಾದ ಮೇಲೆ ಬೀದರಿನವರಿಗೆ ಆಗದು ಎಂಬ ಭಯಕ್ಕೆ ಆಧಾರವಿಲ್ಲ. ಕೇಳುಗನಿಗೆ ಒಂದೆರಡು ಪದ ತಪ್ಪಿದರೂ ಪಾತ್ರದ ಮನಸ್ಸು ತಪ್ಪದಿದ್ದರೆ ಸಾಕು.

ಹಾಸ್ಯಕ್ಕೆ ಇಷ್ಟು ಹೊಣೆ ಹೊರಿಸಿದರೆ ಅದು ನಗುವುದನ್ನೇ ಮರೆಯುತ್ತದೆ, ಯಾರಿಗೂ ನೋವಾಗದ ಹಾಸ್ಯ ಸಪ್ಪೆ ಎನ್ನುವವರೂ ಇದ್ದಾರೆ. ಅವರಿಗೆ ನನ್ನ ಉತ್ತರ ‘ಕಟ್ಟೆ ಪುರಾಣ’. ಅದರ ಮಾತು ಯಾರನ್ನೂ ಬಿಡಲಿಲ್ಲ, ಕಟ್ಟೆಯ ಮೇಲೆ ಕೂತವರನ್ನೂ ಸೇರಿಸಿಕೊಂಡು. ಸೆಂಚುರಿ ಗೌಡನ ಬೈಗುಳಕ್ಕಿಂತ ಖಾರವಾದದ್ದು ಯಾವ ಚಿತ್ರದಲ್ಲಿದೆ? ನೋವು ಮಾಡುವ ಹಕ್ಕು ಹಾಸ್ಯಕ್ಕೆ ಇದೆ. ಯಾರಿಗೆ, ಯಾವ ತಪ್ಪಿಗೆ ಎಂದು ಗೊತ್ತಿರಬೇಕು. ಒಬ್ಬ ಮನುಷ್ಯನ ದುರಾಸೆಯನ್ನು ನಗುವುದು ಬೇರೆ, ಅವನು ಹುಟ್ಟಿದ ಊರಿನ ಮಾತನ್ನು ನಗುವುದು ಬೇರೆ. ಬೆಂಗಳೂರಿಗೆ ಓದಲು ಹೋದ ನಮ್ಮ ಮಕ್ಕಳು ತರಗತಿಯಲ್ಲಿ ಬಾಯಿ ತೆರೆಯಲು ಹಿಂಜರಿಯುವುದರ ಹಿಂದೆ ಈ ಎರಡನೆಯ ಬಗೆಯ ನಗೆಯ ಪಾಲೂ ಇದೆ. ಅದನ್ನು ತಮಾಷೆಯೆಂದು ತಳ್ಳಿಹಾಕಲು ನನಗೆ ಮನಸ್ಸು ಬರುವುದಿಲ್ಲ.

ಈಗ ಮೊಬೈಲಿನ ಕಾಲ. ಪತ್ರಿಕೆ, ಕಿರುತೆರೆ, ಚಿತ್ರ ಯಾವುದರ ಅಪ್ಪಣೆಯನ್ನೂ ಕೇಳದೆ ನಮ್ಮ ತಾಲ್ಲೂಕುಗಳ ಹುಡುಗ ಹುಡುಗಿಯರು ತಮ್ಮದೇ ಮಾತಿನಲ್ಲಿ ಒಂದು ನಿಮಿಷದ, ಎರಡು ನಿಮಿಷದ ನಗೆಯ ತುಣುಕುಗಳನ್ನು ಮಾಡುತ್ತಿದ್ದಾರೆ. ಕೆಲವರಲ್ಲಿ ಅದ್ಭುತವಾದ ಕಿವಿ ಇದೆ. ಬೆಳ್ಳೂರು ಕ್ರಾಸಿನಲ್ಲಿ ಹಾಸನದ ಕಡೆಯ, ತುಮಕೂರಿನ ಕಡೆಯ, ಮಂಡ್ಯದ ಮಾತುಗಳು ಬಸ್ಸಿಗೆ ಕಾಯುವ ಜನರ ನಡುವೆ ಬೆರೆಯುವುದನ್ನು ಕೇಳಿ ಬೆಳೆದ ಹುಡುಗನಿಗೆ ಮೂರು ಬಗೆಯ ಕನ್ನಡ ಒಟ್ಟಿಗೆ ಒಲಿದಿರುತ್ತದೆ. ಆದರೆ ಆ ತುಣುಕುಗಳು ಕಿರುತೆರೆಯ ವೇಗವನ್ನೂ ಮೀರಿದ ವೇಗ ಕೇಳುತ್ತವೆ, ಅಲ್ಲಿ ಸಂಪಾದಕ ಎಂಬವನೇ ಇಲ್ಲ. ರಾಶಿಯವರು ತಮ್ಮ ಕಾಲದಲ್ಲಿ ಮಾಡಿದ ಕೆಲಸವನ್ನು ಈಗ ಯಾರಾದರೂ ಇವರಿಗಾಗಿ ಮಾಡಬೇಕು. ಇದಕ್ಕೆ ಬಹಳ ಹಣ ಬೇಕಿಲ್ಲ. ನಾಗತಿಹಳ್ಳಿಯಲ್ಲಿ ಚಂದ್ರಶೇಖರ್ ಅವರ ಬಳಗ ಗ್ರಂಥಾಲಯ ಕಟ್ಟಿ, ಯುಗಾದಿಯ ಹೊತ್ತಿಗೆ ಸಾಂಸ್ಕೃತಿಕ ಹಬ್ಬ ನಡೆಸಿಕೊಂಡು ಬಂದಿದೆ. ಅಂಥ ಕಡೆ ವರ್ಷಕ್ಕೊಮ್ಮೆ ಹಾಸ್ಯ ಬರೆಯುವ ಹತ್ತು ಮಂದಿ ಎಳೆಯರನ್ನು ಕೂರಿಸಿ, ಬರೆದದ್ದನ್ನು ಗಟ್ಟಿಯಾಗಿ ಓದಿಸಿ, ಊರಿನ ಹಿರಿಯರಿಂದಲೇ ಇಲ್ಲಿ ಹೀಗೆ ಅನ್ನುವುದಿಲ್ಲ ಕನಪ್ಪಾ ಎಂದು ತಿದ್ದಿಸಬಹುದು. ತಾಲ್ಲೂಕಿನ ಕಾಲೇಜುಗಳ ವಾರ್ಷಿಕ ಸಂಚಿಕೆಯಲ್ಲಿ ನಗೆಬರಹಕ್ಕೆ ನಾಲ್ಕು ಪುಟ ಬಿಡಬಹುದು. ಮೈಸೂರು ಆಕಾಶವಾಣಿ ತಿಂಗಳಿಗೊಂದು ಸಲ ಹದಿನೈದು ನಿಮಿಷವನ್ನು, ಬರೆದವರ ಹೆಸರನ್ನು ಮೊದಲು ಹೇಳಿ, ಇಂಥ ಹೊಸ ಬರಹಕ್ಕೆ ಕೊಡಬಹುದು. ಹೀಗೆ ತಯಾರಾದ ಹತ್ತರಲ್ಲಿ ಒಬ್ಬರಾದರೂ ನಾಳೆ ಚಿತ್ರಕ್ಕೆ ಬರೆಯಲು ಕೂತಾಗ, ಹಳ್ಳಿಯ ಪಾತ್ರದ ಬಾಯಿಗೆ ಎಂಥ ಮಾತು ಕೊಡಬಾರದೆಂದು ಅವರಿಗೆ ಮೊದಲೇ ಗೊತ್ತಿರುತ್ತದೆ.